ಆ ಡ್ರಮ್ಮಿಗೆ ಕನ್ನಡದಲ್ಲಿ ಏನಂತೀರಿ?

ಮಗಳಿಗೆ ರಾತ್ರಿ ಕಥೆ ಹೇಳೋ ಡ್ಯೂಟಿ ನಮ್ಮನೇಲಿ ನನ್ನದು. ಗುಬ್ಬಕ್ಕ-ಕಾಗಕ್ಕ, ಪುಣ್ಯಕೋಟಿ, ತೆನಾಲಿ ರಾಮ ಎಲ್ಲಾ ಎರಡೆರಡು ರೌಂಡು ಮುಗಿದಿತ್ತು. ಹೊಸ ಸ್ಟಾಕ್ ಇಲ್ಲದೆ ಒದ್ದಾಡ್ತಿದ್ದಾಗ, ಒಂದು ರಾತ್ರಿ ನಾನು ಫೋನಿನಲ್ಲಿ ಓದ್ತಿದ್ದ ಇಂಗ್ಲಿಷ್ ಪುಸ್ತಕದ ಕಥೇನೇ ಕನ್ನಡದಲ್ಲಿ ಶುರು ಮಾಡಿಬಿಟ್ಟೆ.

"ಒಂದು ದೊಡ್ಡ ದೇವರು ಇರುತ್ತೆ. ಅದು ಮಲಗಿರುತ್ತೆ. ಅದರ ಪಾದದ ಹತ್ರ ಒಬ್ಬ ಕೂತ್ಕೊಂಡು ಬಾರಿಸ್ತಾನೇ ಇರ್ತಾನೆ. ಅವನು ಒಂದೇ ಒಂದು ಸಲ ಕೈ ನಿಲ್ಲಿಸಿದ್ರೂ ದೇವರಿಗೆ ಎಚ್ಚರ ಆಗಿಬಿಡುತ್ತೆ. ಎಚ್ಚರ ಆಯ್ತೋ, ನಾವು, ನಮ್ಮನೆ, ಭೂಮಿ, ಸೂರ್ಯ, ಎಲ್ಲಾ ಮಾಯ."

"ಏನು ಬಾರಿಸ್ತಾನೆ?"

ಅಲ್ಲಿ ಸಿಕ್ಕಿಬಿದ್ದೆ. "ಡ್ರಮ್ಮು" ಅಂದೆ.

"ಕನ್ನಡದಲ್ಲಿ ಹೇಳು ಅಂದ್ರೆ ನೀನೇ ಇಂಗ್ಲಿಷ್ ಹೇಳ್ತೀಯ." ಕಥೆ ಹೊತ್ತಲ್ಲಿ ಇಂಗ್ಲಿಷ್ ಬೇಡ ಅನ್ನೋದು ನಾನೇ ಮಾಡಿದ ರೂಲು. ಉತ್ತರ ಹುಡುಕೋವಷ್ಟರಲ್ಲಿ ಅವಳು ಮಲಗಿದಳು. ನಾನು ಮಲಗಲಿಲ್ಲ. ಈ ಲೇಖನ ಆ ಒಂದು ಪದದ ಬಗ್ಗೆ, ಆ ಪದ ಯಾಕೆ ಸಿಗಲಿಲ್ಲ ಅನ್ನೋದರ ಬಗ್ಗೆ.

ಪುಸ್ತಕದ ಹೆಸರು ‘ದಿ ಗಾಡ್ಸ್ ಆಫ್ ಪೆಗಾನ’. ಬರೆದವನು ಲಾರ್ಡ್ ಡನ್ಸೇನಿ. ಎಡ್ವರ್ಡ್ ಜಾನ್ ಮೋರ್ಟನ್ ಡ್ರಾಕ್ಸ್ ಪ್ಲಂಕೆಟ್ ಅನ್ನೋದು ಆಧಾರ್ ಕಾರ್ಡಿನ ಸಾಲಿನಲ್ಲಿ ಹಿಡಿಸದಂಥ ಪೂರ್ತಿ ಹೆಸರು. 1878ರಲ್ಲಿ ಲಂಡನ್ನಿನಲ್ಲಿ ಹುಟ್ಟಿದ. ಐರ್ಲೆಂಡಿನ ಮೀತ್ ಕೌಂಟಿಯಲ್ಲಿ ಕೋಟೆ ಇದ್ದ ಮನೆತನ. 1899ರಲ್ಲಿ ಆ ಮನೆತನದ 18ನೇ ಬ್ಯಾರನ್ ಆದ. ಬೇಟೆ, ಚೆಸ್ಸು, ಹಕ್ಕಿಗರಿಯ ಲೇಖನಿ ಇವು ಆತನ ಹುಚ್ಚು. 1905ರಲ್ಲಿ ಬಂದ ಈ ಪುಸ್ತಕ ಆತನ ಮೊದಲನೆಯದು; ಅಚ್ಚಿನ ಖರ್ಚನ್ನು ತಾನೇ ಹಾಕಿದ. ಎಸ್. ಎಚ್. ಸೈಮ್ ಎಂಬ ಕಲಾವಿದ ಚಿತ್ರ ಬರೆದುಕೊಟ್ಟ. ಈಗ ಕಾಪಿರೈಟ್ ಇಲ್ಲ, ಪ್ರಾಜೆಕ್ಟ್ ಗುಟೆನ್‌ಬರ್ಗ್‌ನಲ್ಲಿ ಪುಕ್ಕಟೆ ಸಿಗುತ್ತೆ. ಒಂದು ಭಾನುವಾರ ಮಧ್ಯಾಹ್ನಕ್ಕೆ ಓದಿ ಮುಗಿಸಬಹುದಾದಷ್ಟು ಚಿಕ್ಕದು.

ಇದರಲ್ಲಿ ಕಥೆ ಅಂತ ಒಂದಿಲ್ಲ. ಇದೊಂದು ಕಟ್ಟಿದ ಪುರಾಣ. ಯಾವ ದೇಶದ್ದೂ ಅಲ್ಲದ, ಯಾರೂ ಎಂದೂ ಪೂಜಿಸದ ದೇವರುಗಳನ್ನು, ಅವರ ಪೂಜಾರಿಗಳನ್ನು, ಪ್ರವಾದಿಗಳನ್ನು, ಮಂತ್ರಗಳನ್ನು ಒಬ್ಬ ಮನುಷ್ಯ ಕೂತು ತನ್ನ ತಲೆಯಿಂದ ಮಾಡಿದ್ದು. ಹಳೇ ಇಂಗ್ಲಿಷ್ ಬೈಬಲ್ಲಿನ ಧಾಟಿ. ಗಂಭೀರವಾಗಿ ಓದ್ತಾ ಹೋದರೆ ಮಧ್ಯೆ ಮಧ್ಯೆ ಲೇಖಕ ತುಟಿಯಂಚಲ್ಲಿ ನಗ್ತಿರೋದು ಕಾಣುತ್ತೆ.

ಆರಂಭದಲ್ಲಿ ವಿಧಿ ಮತ್ತು ಆಕಸ್ಮಿಕ ಇಬ್ಬರೂ ದಾಳ ಹಾಕಿ ಪಂದ್ಯ ಕಟ್ತಾರೆ. ಗೆದ್ದವನು ಮಾನಾ-ಯೂದ್-ಸುಶಾಯಿ ಎಂಬ ಆದಿದೇವನ ಹತ್ತಿರ ಹೋಗಿ ನನಗಾಗಿ ದೇವರುಗಳನ್ನು ಮಾಡಿಕೊಡು ಅಂತಾನೆ. ಗೆದ್ದವನು ಇಬ್ಬರಲ್ಲಿ ಯಾರು ಅಂತ ಯಾರಿಗೂ ಗೊತ್ತಿಲ್ಲ. ಮಾನಾ ದೇವರುಗಳನ್ನು ಮಾಡ್ತಾನೆ, ಜೊತೆಗೆ ಸ್ಕಾರ್ಲ್ ಎಂಬುವನನ್ನೂ ಮಾಡ್ತಾನೆ. ಸ್ಕಾರ್ಲ್ ತನಗೊಂದು ಡ್ರಮ್ ಮಾಡಿಕೊಂಡು ಬಾರಿಸಲು ಶುರು ಮಾಡ್ತಾನೆ. ದೇವರುಗಳನ್ನು ಮಾಡಿ ಸುಸ್ತಾಗಿದ್ದ ಮಾನಾಗೆ ಆ ಸದ್ದಿಗೆ ಜೊಂಪು ಹತ್ತಿ ನಿದ್ದೆ ಬರುತ್ತೆ. ದೊಡ್ಡ ಯಜಮಾನ ಮಲಗಿದ ಮೇಲೆ ಸಣ್ಣ ದೇವರುಗಳು ಹೊತ್ತು ಕಳೆಯೋಕೆ ಲೋಕಗಳನ್ನು ಮಾಡಿ ಆಟ ಆಡ್ತಾರೆ. ಮೌನಕ್ಕೆ ಮುಜುಗರ ಆಗಬಾರದು ಅಂತ ಅವರು ಮಾತಾಡೋದು ಕೈಸನ್ನೆಯಲ್ಲೇ. ಎಲ್ಲರೂ ಮ್ಯೂಟ್‌ನಲ್ಲಿರೋ ಮೀಟಿಂಗ್ ಕಲ್ಪಿಸಿಕೊಳ್ಳಿ. ಇಡೀ ಪೆಗಾನದಲ್ಲಿ ಕೇಳೋ ಸದ್ದು ಒಂದೇ, ಸ್ಕಾರ್ಲ್‌ನ ಡ್ರಮ್ಮಿನದು. ನಾವು ಕಾಣೋ ಲೋಕಗಳೆಲ್ಲ ಆ ಸದ್ದಿನ ಮಾರ್ದನಿ ಅಂತ ಕೆಲವರು ಹೇಳ್ತಾರೆ. ಆ ಸದ್ದಿನಿಂದ ಮಾನಾಗೆ ಬೀಳೋ ಕನಸು ಅಂತ ಇನ್ನು ಕೆಲವರು. ಯಾವುದು ನಿಜ ಅಂತ ಪುಸ್ತಕ ಹೇಳಲ್ಲ.

ಇದನ್ನ ಹೇಳಿದ ತಕ್ಷಣ ಆಫೀಸಿನ ಗೆಳೆಯ ಒಬ್ಬ, "ಇದು ನಮ್ಮ ಅನಂತಶಯನ ಅಲ್ವೇನೋ? ಕಾಪಿ ಹೊಡೆದಿದಾನೆ ಬಿಡು" ಅಂದ. ನಮ್ಮ ದೇಶದಲ್ಲಿ ಕಾಫಿ ಆರೋವಷ್ಟರಲ್ಲಿ ಬರೋ ತೀರ್ಪು ಇದು. ಸ್ವಲ್ಪ ನಿಂತು ನೋಡಿದರೆ ವಿಷಯ ತಲೆಕೆಳಗು. ನಮ್ಮ ಪುರಾಣದಲ್ಲಿ ಬ್ರಹ್ಮ ಎದ್ದಿರುವಾಗ ಸೃಷ್ಟಿ, ಮಲಗಿದಾಗ ಪ್ರಳಯ. ಅವನ ಒಂದು ಹಗಲು ಅಂದರೆ ಒಂದು ಕಲ್ಪ, 432 ಕೋಟಿ ವರ್ಷ, ರಾತ್ರಿಯೂ ಅಷ್ಟೇ. ಬೆಳಗಾದರೆ ಮತ್ತೆ ಸೃಷ್ಟಿ. ಡನ್ಸೇನಿಯಲ್ಲಿ ದೇವರು ಮಲಗಿದ್ದರೇನೇ ನಾವು ಉಂಟು. ಎದ್ದರೆ ಮುಗೀತು. ನಮ್ಮದು ಗಡಿಯಾರ: ಮುಳ್ಳು ಸುತ್ತಿ ಮತ್ತೆ ಅಲ್ಲಿಗೇ ಬರುತ್ತೆ. ಅವನದು ಒಬ್ಬ ಮನುಷ್ಯನ ತೋಳು. ಕಾಲ ನಡೀತಿರೋದು ಆ ತೋಳು ಎತ್ತಿ ಇಳೀತಿರೋದ್ರಿಂದ.

ಪೆಗಾನದಲ್ಲಿ ಕಾಲಕ್ಕೆ ಬೇರೆ ದೇವರೂ ಇದ್ದಾನೆ. ಅವನ ಹೆಸರು ಸಿಷ್, ಗಂಟೆಗಳನ್ನು ನಾಶ ಮಾಡುವವನು. ಕಾಲ ಅನ್ನೋದು ಅವನ ಬೇಟೆನಾಯಿ. ಸದ್ದಿಗೂ ಬೇರೆ ದೇವರಿದ್ದಾನೆ, ಲಿಂಪಾಂಗ್-ಟುಂಗ್, ನಗೆ ಮತ್ತು ಹಾಡುಗಾರರ ದೇವರು. ಆದರೆ ಸಿಷ್‌ನ ನಾಯಿ ಓಡೋಕೆ, ಲಿಂಪಾಂಗ್-ಟುಂಗ್ ಹಾಡೋಕೆ, ಇಬ್ಬರಿಗೂ ಮೊದಲು ಒಂದು ಲೋಕ ಇರಬೇಕಲ್ಲ? ಅದು ಇರೋದು ಸ್ಕಾರ್ಲ್ ಬಾರಿಸ್ತಿರೋದ್ರಿಂದ. ಹಾಗಾಗಿ ಸದ್ದು ಮತ್ತು ಕಾಲ ಎರಡರ ನಿಜವಾದ ಒಡೆಯ ಅವನೇ ಅಂತ ನನ್ನ ಲೆಕ್ಕ.

ಮೊದಲ ಸಲ ಓದಿದಾಗ ನನಗೆ ಸ್ಕಾರ್ಲ್ ತುಂಬಾ ಸುಲಭವಾಗಿ ಅರ್ಥವಾದ. ಬಿಇ ಮುಗಿಸಿ ನಾನು ಮೊದಲು ಸೇರಿದ್ದು ಎಂಬೆಡೆಡ್ ಕೆಲಸಕ್ಕೆ. ಅಲ್ಲಿ ವಾಚ್‌ಡಾಗ್ ಟೈಮರ್ ಅಂತ ಒಂದು ಇರುತ್ತೆ. ಚಿಪ್ಪಿನೊಳಗೆ ಒಂದು ಕೌಂಟರ್ ಸೊನ್ನೆಯ ಕಡೆಗೆ ಇಳೀತಾ ಇರುತ್ತೆ. ನಮ್ಮ ಪ್ರೋಗ್ರಾಮು ಆಗಾಗ ಅದನ್ನ ಮುಟ್ಟಿ ಮತ್ತೆ ಮೇಲಕ್ಕೆ ಏರಿಸಬೇಕು. ಪ್ರೋಗ್ರಾಮು ಎಲ್ಲೋ ಸಿಕ್ಕಿಹಾಕಿಕೊಂಡು ಮುಟ್ಟೋದು ತಪ್ಪಿತು ಅಂದ್ರೆ, ಕೌಂಟರ್ ಸೊನ್ನೆಗೆ ಬಂದು ಇಡೀ ಸಿಸ್ಟಮ್ ರೀಸೆಟ್. ಆಹಾ, ಈ ಲಾರ್ಡು 1905ರಲ್ಲೇ ವಾಚ್‌ಡಾಗ್ ಬರೆದಿದ್ದಾನಲ್ಲ ಅಂತ ಖುಷಿಯಾಗಿ ಟೀಮಿನ ಗ್ರೂಪಿನಲ್ಲಿ ಹಾಕಿದೆ. ಹನ್ನೊಂದು ಲೈಕು ಬಂತು.

ಎರಡನೇ ಸಲ ಓದಿದಾಗ ನಾಚಿಕೆ ಆಯ್ತು. ಯಾಕಂದ್ರೆ ಸ್ಕಾರ್ಲ್‌ನ ಅಧ್ಯಾಯ ಒಂದೆರಡು ಪುಟದ್ದು, ಅದರಲ್ಲಿ ಒಂದು ವಿವರವನ್ನ ನಾನು ಹಾರಿಸಿಬಿಟ್ಟಿದ್ದೆ. ಚಳಿಗಾಲ, ಬೇಸಿಗೆ, ಹಗಲು, ರಾತ್ರಿ ಅನ್ನದೆ ಬಾರಿಸೋ ಸ್ಕಾರ್ಲ್‌ನ ತೋಳಿಗೆ ಆಗಾಗ ಆಯಾಸ ಆಗುತ್ತಂತೆ. ಆದರೂ ಬಾರಿಸ್ತಾನಂತೆ. ವಾಚ್‌ಡಾಗ್ ಟೈಮರಿಗೆ ಆಯಾಸ ಆಗಲ್ಲ. ನಮ್ಮೂರ ಗುಡಿಯಲ್ಲಿ ಈಗ ಮಂಗಳಾರತಿಗೆ ನಗಾರಿ ಮತ್ತು ಗಂಟೆ ಎರಡನ್ನೂ ಬಾರಿಸೋ ಮೋಟಾರು ಬಂದಿದೆ. ಸ್ವಿಚ್ಚು ಹಾಕಿದರೆ ಸಾಕು. ಅದಕ್ಕೂ ಆಯಾಸ ಆಗಲ್ಲ. ಆಯಾಸ ಆಗೋದು ಮೈ ಇರೋರಿಗೆ. ಇಷ್ಟೆಲ್ಲ ದೇವರುಗಳ ಆ ಪುಸ್ತಕದಲ್ಲಿ ಬೆವರು ಇರೋ ಮೈ ಅಂತ ನನಗೆ ಅನ್ನಿಸಿದ್ದು ಇವನದೊಂದೇ.

ಆಮೇಲೆ ಇನ್ನೊಂದು ಹುಡುಕಿದೆ: ಇವನಿಗೆ ಪೂಜೆ ಮಾಡೋರು ಯಾರು?

ಪೂಜೆಯ ವಿಷಯದಲ್ಲಿ ಪೆಗಾನ ಬಹಳ ಶ್ರೀಮಂತ. ಮಾನಾಗೆ ಮಾತ್ರ ಯಾರೂ ಪ್ರಾರ್ಥಿಸುವಂತಿಲ್ಲ. ಅರಾಡೆಕ್ ಎಂಬ ಊರಿನ ಪ್ರಧಾನ ಪ್ರವಾದಿ ಇಂಬಾನ್‌ನ ಬಿರುದೇ ‘ಒಬ್ಬನನ್ನು ಬಿಟ್ಟು ಉಳಿದೆಲ್ಲ ದೇವರುಗಳ ಪ್ರವಾದಿ’ ಅನ್ನೋ ಅರ್ಥದ್ದು. ಮಿಕ್ಕವರಿಗೆಲ್ಲ ಧಾರಾಳ. ಜೀವ ಕೊಡೋ ಕಿಬ್‌ಗೆ ಉಂಟು, ಸಾವು ತರೋ ಮುಂಗ್‌ಗೆ ಉಂಟು, ಸಮುದ್ರದ ಸ್ಲಿಡ್‌ಗೆ ಉಂಟು. ಲಿಂಪಾಂಗ್-ಟುಂಗ್‌ಗೂ ಪ್ರಾರ್ಥಿಸಬಹುದು, ಆದರೆ ದುಃಖದಲ್ಲಿರುವಾಗ ಬೇಡ. ದುಃಖ ಅನ್ನೋದು ದೇವರುಗಳ ಜಾಣತನ ಇರಬಹುದು, ನನಗಂತೂ ಅರ್ಥವಾಗಲ್ಲ ಅಂತಾನೆ ಅವನು. ಇಷ್ಟು ಚೆಂದದ ದೇವರನ್ನ ಮಾಡೋಕೆ ತಲೆ ಬೇಕು.

ನನಗೆ ಎಲ್ಲಕ್ಕಿಂತ ಇಷ್ಟ ಆಗಿದ್ದು ಮನೆದೇವರುಗಳು. ಬೆಕ್ಕಿನ ಬೆನ್ನು ಸವರೋ ಪಿಟ್ಸು, ನಾಯಿಯನ್ನ ಸಮಾಧಾನ ಮಾಡೋ ಹೋಬಿತ್, ಕೆಂಡದ ದೇವರು ಹಬಾನಿಯಾ, ಧೂಳಿನ ದೇವರು ಜುಂಬಿಬೂ, ಮೌನದ ದೇವರು ಹಿಷ್. ಒಡೆದುಹೋದ ಸಾಮಾನುಗಳಿಗೂ ಒಬ್ಬ ದೇವರು, ಜಬೀಮ್ ಅಂತ. ಬಿಸಾಕಿದ ವಸ್ತುಗಳಿಗಾಗಿ ಮನೆ ಹಿಂದೆ ಕೂತು ಅಳ್ತಾನೆ. ಅಜ್ಜಿಯ ಅಡಿಗೆಮನೆಯಲ್ಲಿ ಒಲೆಗೂ ಒನಕೆಗೂ ಅರಿಶಿನ ಕುಂಕುಮ ಬೀಳ್ತಿದ್ದುದನ್ನ ನೋಡಿದ ನನ್ನಂಥವರಿಗೆ ಇದು ತೀರಾ ಪರಿಚಿತ ಅನ್ನಿಸುತ್ತೆ. (ಒಂದು ತಕರಾರು ಇಲ್ಲೇ ಹೇಳಿಬಿಡ್ತೀನಿ. ನಮ್ಮಲ್ಲಿ ಊರೂರಿಗೆ ಒಬ್ಬ ಅಮ್ಮ ಇದ್ದಾಳೆ. ಪೆಗಾನದಲ್ಲಿ ನೆನಪಲ್ಲಿ ಉಳಿಯೋ ಒಬ್ಬ ದೇವಿಯೂ ಸಿಗಲಿಲ್ಲ.)

ಬೆಕ್ಕಿನ ಬೆನ್ನಿಗೂ ಒಡೆದ ಮಡಕೆಗೂ ದೇವರು ಕೊಟ್ಟ ಪುಸ್ತಕದಲ್ಲಿ ಸ್ಕಾರ್ಲ್‌ಗೆ ಒಂದು ಪ್ರಾರ್ಥನೆ ನನಗೆ ಸಿಗಲಿಲ್ಲ. ಗುಡಿ ಇಲ್ಲ, ಪೂಜಾರಿ ಇಲ್ಲ. ಅವನು ಕೂರೋದು ದೇವರುಗಳಿಗಿಂತ ಮೇಲೆ, ಮಾನಾನ ಪಾದದ ಮುಂದೆ, ಮಂಜಿನ ಮೇಲೆ. ಜಾಗವೇನೋ ಎತ್ತರದ್ದೇ. ಆದರೆ ಮಾನಾ ‘ದೇವರುಗಳನ್ನೂ ಸ್ಕಾರ್ಲ್‌ನನ್ನೂ’ ಮಾಡಿದ ಅಂತಾನೆ ಡನ್ಸೇನಿ. ಎರಡು ಬೇರೆ ಬೇರೆ. ‘ಕಂಪನಿಯ ಉದ್ಯೋಗಿಗಳು ಮತ್ತು ಹೌಸ್‌ಕೀಪಿಂಗ್ ಸಿಬ್ಬಂದಿ’ ಅಂತ ನಮ್ಮ ಆಫೀಸಿನ ಈಮೇಲುಗಳಲ್ಲಿ ಬರುತ್ತಲ್ಲ, ಹಾಗೆ.

ಈಗ ಮಗಳ ಪ್ರಶ್ನೆಗೆ ವಾಪಸ್ ಬರ್ತೀನಿ. ಇಂಗ್ಲಿಷಿನಲ್ಲಿ ಡ್ರಮ್ ಅಂದರೆ ಡ್ರಮ್. ಯಾರು ಬಾರಿಸ್ತಾರೆ, ಎಲ್ಲಿ ಕೂರ್ತಾರೆ, ಬಾರಿಸಿದ ಮೇಲೆ ಊಟ ಎಲ್ಲಿ, ಯಾವುದನ್ನೂ ಆ ಪದ ಹೇಳಲ್ಲ. ಕನ್ನಡದಲ್ಲಿ ಹಾಗೆ ಬರೀ ‘ಡ್ರಮ್’ ಅನ್ನೋ ವಾದ್ಯ ಇಲ್ಲ. ಮೃದಂಗ ಅಂದರೆ ಕಚೇರಿ, ಜುಬ್ಬ, ಮುಂದಿನ ಸಾಲಿನಲ್ಲಿ ತಾಳ ಹಾಕೋ ಮಾಮಂದಿರು. ಚೆಂಡೆ ಮದ್ದಳೆ ಅಂದರೆ ಯಕ್ಷಗಾನ. ಡೋಲು ಅಂದರೆ ಮದುವೆಮನೆ ಓಲಗ. ಡೊಳ್ಳು ಅಂದರೆ ಬೀರೇದೇವರು, ಹಾಲುಮತದವರು. ಡಮರು ಅಂದರೆ ಶಿವನೇ. ನಗಾರಿ ಅಂದರೆ ಗುಡಿಯ ಒಳಗೆ. ತಮಟೆ ಅಂದರೆ, ನಮ್ಮ ತುಮಕೂರು ಕಡೆ, ಗುಡಿಯ ಹೊರಗೆ. ಪದ ಆರಿಸಿದ ಕ್ಷಣದಲ್ಲೇ ಸ್ಕಾರ್ಲ್‌ನ ಜಾತಿ ತೀರ್ಮಾನ ಆಗಿಬಿಡುತ್ತೆ.

ಮಾರನೇ ದಿನ ಅಪ್ಪನಿಗೆ ಫೋನ್ ಮಾಡಿದೆ. ಕಥೆ ಪೂರ್ತಿ ಹೇಳಿ, "ಅದಕ್ಕೆ ಯಾವ ವಾದ್ಯ ಅನ್ನಬೇಕಪ್ಪ?" ಅಂತ ಕೇಳಿದೆ.

"ದೇವರ ಪಾದದ ಹತ್ರ ಕೂತು ಬಾರಿಸ್ತಾನೆ ಅಂದ್ಯಲ್ಲ, ನಗಾರೀನೇ."

"ಆದ್ರೆ ಅವನು ದೇವರ ಗುಂಪಿಗೆ ಸೇರಿದೋನಲ್ಲ. ಅವನಿಗೆ ಪೂಜೆ ಇಲ್ಲ, ಪಾಲು ಇಲ್ಲ. ಹಗಲೂ ರಾತ್ರಿ ಬಾರಿಸ್ತಾನೆ. ಬಿಟ್ರೆ ಎಲ್ಲಾ ಕೆಡುತ್ತೆ."

ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದರು. "ಹಂಗಾದ್ರೆ ತಮಟೆ ಕಣಪ್ಪ" ಅಂದರು. ಆಮೇಲೆ ತಾವೇ, "ಆದ್ರೆ ತಮಟೆಯವರು ದೇವರ ಪಾದದ ಹತ್ರ ಕೂರಲ್ವಲ್ಲೋ" ಅಂದರು.

ನೋಡಿ, ಇಷ್ಟೇ. ನೂರು ವರ್ಷ ದಾಟಿದ ಈ ಪುಸ್ತಕದ ಬಗ್ಗೆ ನನಗೆ ಸಿಕ್ಕ ಅತ್ಯುತ್ತಮ ವಿಮರ್ಶೆ ಅಪ್ಪನ ಆ ಎರಡು ವಾಕ್ಯ. ಸ್ಕಾರ್ಲ್ ಕೂತಿರೋ ಜಾಗ ನಗಾರಿಯದು, ಅವನಿಗೆ ಸಿಗೋ ಮರ್ಯಾದೆ ತಮಟೆಯದು. ಡನ್ಸೇನಿ ಎರಡನ್ನೂ ಒಂದೇ ಪದದಲ್ಲಿ ಹೊಲಿದುಬಿಟ್ಟ. ಕನ್ನಡಕ್ಕೆ ತರೋಕೆ ಹೋದರೆ ಆ ಹೊಲಿಗೆ ಬಿಚ್ಚಿಕೊಳ್ಳುತ್ತೆ.

ನಮ್ಮೂರ ಅಮ್ಮನ ಜಾತ್ರೆ ನೆನಪಾಯ್ತು. ಸಂಜೆ ಹೊತ್ತಿಗೆ ಗುಡಿ ಮುಂದಿನ ಬಯಲಲ್ಲಿ ಸೋಗೆ ಗುಡ್ಡೆ ಹಾಕಿ ಬೆಂಕಿ ಹಚ್ಚೋರು. ಆ ಬೆಂಕಿಗೆ ತಮಟೆ ಹಿಡಿದು ಕಾಯಿಸೋರು. ಚರ್ಮ ಬಿಗಿದ ಮೇಲೆ ಒಂದು ದಪ್ಪ ಕಡ್ಡಿ, ಒಂದು ಸಣ್ಣ ಕಡ್ಡಿ. ಮೊದಲ ಏಟು ಬಿದ್ದರೆ ನನ್ನ ಎದೆಗೂಡು ನಡುಗೋದು. ಆ ಸದ್ದು ಏರಿದ ಮೇಲೇನೇ ಅಮ್ಮ ಯಾರದೋ ಮೈಮೇಲೆ ಬರ್ತಿದ್ದಳು. ತಮಟೆ ನಿಂತರೆ ಅಮ್ಮ ಬರಲ್ಲ. ಅಂದರೆ ನಮ್ಮ ಬಯಲಲ್ಲಿ ವಾದ್ಯದ ಕೆಲಸ ದೇವರನ್ನ ಎಬ್ಬಿಸೋದು. ಪೆಗಾನದಲ್ಲಿ ದೇವರನ್ನ ಮಲಗಿಸೋದು. ಅಮ್ಮ ಎದ್ದು ಬಂದರೆ ಊರಿನವರು ಕೈಮುಗಿದು ಮಳೆ ಕೇಳೋರು, ಮಗುವಿನ ಜ್ವರ ಹೇಳಿಕೊಳ್ಳೋರು, ಜಗಳಾನೂ ಆಡೋರು. ಡನ್ಸೇನಿಗೆ ಎದ್ದ ದೇವರು ಅಂದರೆ ಭಯ ಮಾತ್ರ. ಕೋಟೆಯಲ್ಲಿ ಬೆಳೆದವನಿಗೆ, ಇರೋದು ಇದ್ದಹಾಗೇ ಇರಲಿ, ಯಾರೂ ಎಬ್ಬಿಸದಿರಲಿ ಅನ್ನಿಸಿದರೆ ಆಶ್ಚರ್ಯ ಇಲ್ಲ. 1903ರ ಭೂ ಕಾಯ್ದೆಯಿಂದ ಐರ್ಲೆಂಡಿನ ಗೇಣಿದಾರರು ಜಮೀನುದಾರರಿಂದ ಭೂಮಿ ಕೊಂಡುಕೊಳ್ಳೋ ದಾರಿ ಅಗಲವಾಗಿತ್ತು. ಪುಸ್ತಕ ಬಂದದ್ದು ಅದಾಗಿ ಎರಡು ವರ್ಷಕ್ಕೆ. ಡನ್ಸೇನಿ ಇದನ್ನೇ ಮನಸ್ಸಲ್ಲಿಟ್ಟು ಬರೆದ ಅಂತ ನಾನು ಹೇಳಲ್ಲ. ಆದರೆ ಆ ಗಾಳಿಯಲ್ಲೇ ಉಸಿರಾಡ್ತಿದ್ದ.

ಆ ಜಾತ್ರೆಯಲ್ಲಿ ನಾನು ಇರ್ತಿದ್ದುದು ಅಪ್ಪನ ಹೆಗಲ ಮೇಲೆ, ಗುಡಿಯ ಕಟ್ಟೆಯ ಕಡೆಗೆ. ತಮಟೆಯವರು ಬಯಲ ಕಡೆಗೆ. ರಾತ್ರಿಯಿಡೀ ಬಾರಿಸಿದ ಮೇಲೆ ಅವರಿಗೆ ಊಟ ಬೇರೆ ಜಾಗದಲ್ಲಿ. ಸುಗ್ಗಿ ಆದಮೇಲೆ ಕಣದಲ್ಲಿ ಇಷ್ಟು ಸೇರು ರಾಗಿ. ಯಾರಾದರೂ ಸತ್ತರೂ ಅವರೇ ಬರಬೇಕು, ಊರಿಗೆ ಸಾರಬೇಕಾದರೂ ಅವರೇ. ಆ ವಯಸ್ಸಲ್ಲಿ ನನಗೆ ಅದು ಮಳೆಬಿಸಿಲಿನ ಥರ ಸಹಜ ಅನ್ನಿಸಿತ್ತು. ಕೇಳಬೇಕು ಅಂತ ಹೊಳೆಯಲೇ ಇಲ್ಲ.

ಸ್ಕಾರ್ಲ್‌ನ ಅಧ್ಯಾಯದ ಕೊನೆಯನ್ನ ಈ ನೆನಪಿನ ಪಕ್ಕ ಇಟ್ಟು ಓದಬೇಕು. ಒಂದು ದಿನ ಸ್ಕಾರ್ಲ್ ಬಾರಿಸೋದು ನಿಲ್ಲಿಸ್ತಾನೆ. ಮಾನಾ ಏಳ್ತಾನೆ. ಲೋಕಗಳೂ ಇಲ್ಲ, ದೇವರುಗಳೂ ಇಲ್ಲ. ಸ್ಕಾರ್ಲ್ ಡ್ರಮ್ಮನ್ನ ಬೆನ್ನಿಗೆ ಹಾಕಿಕೊಂಡು ಶೂನ್ಯದೊಳಕ್ಕೆ ನಡೆದುಹೋಗ್ತಾನೆ. ಅವನು ಮುಂದೆ ಬೇರೆ ಯಾವುದೋ ದೇವರ ಕೆಲಸಕ್ಕೆ ಸೇರಬಹುದು, ಅಥವಾ ನಾಶವೇ ಆಗಬಹುದು. ಏನಾದರೂ ಸ್ಕಾರ್ಲ್‌ಗೆ ಅದು ಮುಖ್ಯವಲ್ಲ. ತನ್ನ ಕೆಲಸ ತಾನು ಮಾಡಿ ಆಯಿತು ಅಷ್ಟೆ. ಓದುವಾಗ ಮೈ ಜುಮ್ಮೆನ್ನುತ್ತೆ, ಸುಳ್ಳು ಯಾಕೆ ಹೇಳಲಿ. ಎಲ್ಲ ದೇವರುಗಳೂ ಅಳಿಸಿಹೋಗ್ತಾರೆ, ಒಬ್ಬ ಕೆಲಸದವನು ಮಾತ್ರ ತನ್ನ ಉಪಕರಣ ಹೊತ್ತು ನಡೀತಿದ್ದಾನೆ. ಇಡೀ ಪುಸ್ತಕದಲ್ಲಿ ಇದಕ್ಕಿಂತ ದೊಡ್ಡ ಚಿತ್ರ ಇಲ್ಲ.

ಆದರೆ ‘ಅವನಿಗೆ ಮುಖ್ಯವಲ್ಲ’ ಅಂತ ಹೇಳ್ತಿರೋದು ಯಾರು? ಸ್ಕಾರ್ಲ್ ಅಲ್ಲ. ಪುಸ್ತಕದಲ್ಲಿ ಕಿಬ್‌ಗೆ, ಸ್ಲಿಡ್‌ಗೆ, ಲಿಂಪಾಂಗ್-ಟುಂಗ್‌ಗೆ ಅವರವರ ನುಡಿಗಳು ಅಂತ ಅಧ್ಯಾಯಗಳಿವೆ. ಸ್ಕಾರ್ಲ್‌ನ ನುಡಿ ಅಂತ ಒಂದು ಅಧ್ಯಾಯ ಇಲ್ಲ. ಅವನ ಪರವಾಗಿ ಬ್ಯಾರನ್ ಮಾತಾಡ್ತಿದ್ದಾನೆ. "ಪಾಪ, ಅವರಿಗೇನೂ ಬೇಜಾರಿಲ್ಲ, ಅವರಿಗೆ ಅಭ್ಯಾಸ ಆಗಿದೆ" ಅನ್ನೋ ಮಾತು ನಮ್ಮೂರ ಜಗಲಿ ಮೇಲೂ ಕೇಳಿದ್ದೇನೆ, ಬೆಂಗಳೂರಿನ ಅಪಾರ್ಟ್‌ಮೆಂಟ್ ಅಸೋಸಿಯೇಷನ್ ಮೀಟಿಂಗಿನಲ್ಲೂ ಕೇಳಿದ್ದೇನೆ.

ಇಲ್ಲಿ ಯಾರಾದರೂ ಕಾಯಕದ ಮಾತು ತರ್ತಾರೆ. ಫಲ ಬಯಸದೆ ದುಡಿಯೋದು ನಮ್ಮ ಆದರ್ಶ ಅಲ್ವಾ ಅಂತಾರೆ. ಹನ್ನೆರಡನೇ ಶತಮಾನದ ಕಲ್ಯಾಣದಲ್ಲಿ ಕಾಯಕದ ಜೊತೆ ದಾಸೋಹ ಇತ್ತು. ಚಪ್ಪಲಿ ಹೊಲಿಯೋರು, ದೋಣಿ ನಡೆಸೋರು ವಚನ ಬರೆದರು, ತಾವೇ ಮಾತಾಡಿದರು, ಒಟ್ಟಿಗೆ ಕೂತರು. ಮಾತೂ ಇಲ್ಲ, ಪಂಕ್ತಿಯೂ ಇಲ್ಲ, ಬರೀ ಬಾರಿಸ್ತಾ ಇರು ಅನ್ನೋದನ್ನ ಕಾಯಕ ಅಂತ ಕರೆಯೋಕೆ ನನಗೆ ಬಾಯಿ ಬರಲ್ಲ. ಅದಕ್ಕೆ ಹಳ್ಳಿಯಲ್ಲಿ ಇರೋ ಹೆಸರು ಬಿಟ್ಟಿ.

ಡನ್ಸೇನಿಗೆ ಇದು ಪೂರ್ತಿ ಗೊತ್ತಿರಲಿಲ್ಲ ಅಂತಲೂ ಅಲ್ಲ. ಮರುವರ್ಷ, 1906ರಲ್ಲಿ ಬಂದ ‘ಟೈಮ್ ಅಂಡ್ ದಿ ಗಾಡ್ಸ್’ ಪುಸ್ತಕದ ಮೊದಲ ಕಥೆಯಲ್ಲೇ ದೇವರುಗಳು ಕನಸಿನಿಂದ ಕಟ್ಟಿಸಿದ ಅಮೃತಶಿಲೆಯ ನಗರ ಸಾರ್ದಾತ್ರಿಯನ್ ಬೀಳುತ್ತೆ. ಬೀಳಿಸಿದವನು ಕಾಲ, ಅವರದೇ ಆಳು. ಅವನು ರಕ್ತ ಸುರಿಯೋ ಕೈಯಲ್ಲಿ ಕತ್ತಿ ಹಿಡಿದು ದೇವರುಗಳ ಮುಂದೆ ಬಂದು, ನಾನೇ ಕೆಡವಿದೆ ಅಂತ ಹೇಳ್ತಾನೆ. ದೇವರುಗಳಿಗೆ ಮೊದಲ ಸಲ ಭಯ ಆಗುತ್ತೆ. ಆಳು ತಿರುಗಿಬೀಳಬಹುದು ಅನ್ನೋದು ಲೇಖಕನಿಗೆ ಹೊಳೆದಿತ್ತು. ಆದರೆ ಅವನ ಕಲ್ಪನೆಯಲ್ಲಿ ಆಳಿಗೆ ಇದ್ದದ್ದು ಎರಡೇ ದಾರಿ: ಸುಮ್ಮನೆ ಬಾರಿಸು, ಇಲ್ಲ ಕತ್ತಿ ಹಿಡಿ. ಬೇಡಪ್ಪ, ಈ ಕೆಲಸ ನಾನು ಮಾಡಲ್ಲ ಅಂತ ಹೇಳಿ ಮನೆಗೆ ಹೋಗೋ ಮೂರನೇ ದಾರಿ ಅಲ್ಲಿ ಇಲ್ಲ.

ಅವನ ಹಿಂದೆ ಬಂದವರಲ್ಲೂ ಇದು ಸರಿಹೋಗಲಿಲ್ಲ. ಅಮೆರಿಕದ ಎಚ್. ಪಿ. ಲವ್‌ಕ್ರಾಫ್ಟ್ 1919ರಲ್ಲಿ ಬಾಸ್ಟನ್ನಿನಲ್ಲಿ ಡನ್ಸೇನಿಯ ಭಾಷಣ ಕೇಳಿ ಬಂದವನು, ಆತನ ದೊಡ್ಡ ಅಭಿಮಾನಿ. ಅವನ ಅಜಾಥೋತ್ ಎಂಬ ಬುದ್ಧಿಯಿಲ್ಲದ ದೇವರ ಸುತ್ತಲೂ ವಾದ್ಯ, ಕೊಳಲು ನಿಲ್ಲದೆ ಬಾರಿಸ್ತಿರುತ್ತವೆ. ಅಲ್ಲಿ ಬಾರಿಸುವವನಿಗೆ ಹೆಸರೂ ಉಳಿದಿಲ್ಲ, ತೋಳಿನ ಆಯಾಸವೂ ಇಲ್ಲ. ಟೋಲ್ಕಿನ್ ತೀರಿಕೊಂಡ ಮೇಲೆ 1977ರಲ್ಲಿ ಬಂದ ‘ದಿ ಸಿಲ್ಮರಿಲಿಯನ್’ನಲ್ಲಿ ಲೋಕ ಹುಟ್ಟೋದು ದಿವ್ಯ ಗಾಯನದಿಂದ. ತುಂಬಾ ಸುಂದರ, ಆದರೆ ಅಲ್ಲಿ ಹಾಡೋರೆಲ್ಲ ದೊಡ್ಡ ಮನೆಯವರೇ. ದುಡಿಯೋ ಕೈಯಿಂದ ಕಾಲವನ್ನ ಹುಟ್ಟಿಸಿದವನು ಡನ್ಸೇನಿ. ಅವನ ಮೇಲೆ ಸಿಟ್ಟು ಬಂದರೂ ಪುಸ್ತಕವನ್ನ ನಾನು ಬಿಡದೇ ಇರೋದು ಅದಕ್ಕೇ.

ಮೂರನೇ ದಾರಿ ನಾನು ನೋಡಿದ್ದು ಊರಲ್ಲಿ. ನಾನು ಪಿಯುಸಿಯಲ್ಲಿದ್ದಾಗ, ನಮ್ಮ ಜಾತ್ರೆಗೆ ತಮಟೆ ಬಾರಿಸ್ತಿದ್ದವರ ಮಗ, ಹೈಸ್ಕೂಲಿನಲ್ಲಿ ನನ್ನ ಪಕ್ಕದ ಬೆಂಚಿನವನು, ಇನ್ನು ನಮ್ಮಪ್ಪ ಸಾವಿಗೂ ಸಾರೋದಕ್ಕೂ ಬಿಟ್ಟಿ ಬರಲ್ಲ ಅಂತ ಹೇಳಿದ. ಊರಲ್ಲಿ ದೊಡ್ಡ ಗುಲ್ಲು. ಜಗಲಿ ಮೇಲೆ ಕೂತವರೆಲ್ಲ, ಇನ್ನು ಅಮ್ಮ ಮುನೀತಾಳೆ, ಮಳೆ ಹೋಗುತ್ತೆ, ಊರು ಉಳಿಯಲ್ಲ ಅಂದರು. ಅಂದರೆ ಜಗತ್ತು ನಿಂತಿದ್ದುದು ಆ ತಮಟೆಯ ಮೇಲೆ ಅಂತ ಅವರಿಗೂ ಗೊತ್ತಿತ್ತು! ಗೊತ್ತಿದ್ದೂ ಊಟ ಬೇರೆ ಜಾಗದಲ್ಲೇ ಹಾಕಿದ್ದರು. ಆ ವರ್ಷ ಜಾತ್ರೆಗೆ ತುಮಕೂರಿನಿಂದ ಬ್ಯಾಂಡ್‌ಸೆಟ್ ತರಿಸಿದರು. ಮಳೆ ಎಂದಿನಂತೆ ಬಂತು. ಜಗತ್ತು ಮುಗಿಯಲಿಲ್ಲ.

ಕರ್ನಾಟಕದ ಬೇರೆ ಕಡೆ ಇದು ಅದಕ್ಕೂ ಮುಂಚೆಯೇ ಆಗಿತ್ತು ಅಂತ ಆಮೇಲೆ ತಿಳೀತು. ದಲಿತ ಸಂಘರ್ಷ ಸಮಿತಿಯ ಮೆರವಣಿಗೆಗಳಲ್ಲಿ ಅದೇ ತಮಟೆ, ಅದೇ ಹಲಗೆ, ಬೇರೆ ಕಾರಣಕ್ಕೆ ಬಾರಿಸಿತು. 2023ರಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆಯ ಪಿಂಡಿಪಾಪನಹಳ್ಳಿಯ ತಮಟೆ ಕಲಾವಿದ ಮುನಿವೆಂಕಟಪ್ಪನವರಿಗೆ ಪದ್ಮಶ್ರೀ ಬಂತು. ವಾದ್ಯ ಅದೇ. ಬಾರಿಸು ಅಂತ ಹೇಳಿಸಿಕೊಂಡು ಬಾರಿಸೋದಕ್ಕೂ ತಾನೇ ಬಾರಿಸೋದಕ್ಕೂ ಇರೋ ದೂರವನ್ನ ಡನ್ಸೇನಿಯ ‘ಡ್ರಮ್’ ಅಳೆಯಲಾರದು.

ಹಾಗಂತ ಪುಸ್ತಕ ಓದಬೇಡಿ ಅಂತಿಲ್ಲ. ಖಂಡಿತ ಓದಿ. ಮನೆದೇವರುಗಳಿಗಾಗಿ, ಲಿಂಪಾಂಗ್-ಟುಂಗ್‌ಗಾಗಿ, ಸಾವಿಗೆ ದಿನಾ ಶಾಪ ಹಾಕೋಕೆ ಸಮುದ್ರದ ದಡದಲ್ಲಿ ಗೋಪುರ ಕಟ್ಟಿದ ಯುನ್-ಇಲಾರನಿಗಾಗಿ ಓದಿ. ಕನ್ನಡಕ್ಕೂ ಯಾರಾದರೂ ತರಬೇಕು. ನಾನು ಒಂದು ಪುಟ ಪ್ರಯತ್ನಿಸಿ ನೋಡಿದೆ. ಬೈಬಲ್ ಧಾಟಿಗೆ ಅಂತ ಹಳಗನ್ನಡ ಹಾಕಿದರೆ ಕಂಪನಿ ನಾಟಕದ ಥರ ಆಯ್ತು, ಬಿಟ್ಟೆ. ತರೋರು ಸ್ಕಾರ್ಲ್‌ನ ಅಧ್ಯಾಯಕ್ಕೆ ಬಂದಾಗ ಒಂದು ಗಳಿಗೆ ನಿಲ್ಲಿ ಅಂತ ಮಾತ್ರ ಕೋರಿಕೆ. ‘ನಗಾರಿ’ ಅಂತ ಬರೆದು ಮುಂದೆ ಹೋಗೋದು ಬಹಳ ಸುಲಭ.

ನಾನು ‘ತಮಟೆ’ ಅಂದೆ. ಎರಡು ದಿನ ಬಿಟ್ಟು ಕಥೆ ಮುಂದುವರಿಸಿದಾಗ ಮಗಳಿಗೆ ಯೂಟ್ಯೂಬಿನಲ್ಲಿ ತಮಟೆ ತೋರಿಸಿದೆ, ಸೋಗೆ ಬೆಂಕಿ ವಿಷಯ ಹೇಳಿದೆ. ದೇವರ ಪಾದದ ಹತ್ರ ಕೂತು ಒಬ್ಬರು ತಮಟೆ ಬಾರಿಸ್ತಾ ಇರ್ತಾರೆ ಅಂತ ಶುರು ಮಾಡಿದೆ. ‘ಒಬ್ಬ’ ಹೋಗಿ ‘ಒಬ್ಬರು’ ಬಂದಿದ್ದು ನನಗೂ ಆಮೇಲೆ ಗೊತ್ತಾಯ್ತು.

"ಕೈ ನೋಯಲ್ವಾ ಅವರಿಗೆ?"

"ನೋಯುತ್ತೆ."

"ಬೇರೆ ದ್ಯಾವ್ರುಗಳು ಸ್ವಲ್ಪ ಹೊತ್ತು ಬಾರಿಸಬಹುದಲ್ಲ?"

ಡನ್ಸೇನಿಗೆ ಹೊಳೆಯದ್ದು, ನಮ್ಮೂರ ಜಗಲಿಗೆ ಹೊಳೆಯದ್ದು, ನನಗೂ ಹೊಳೆಯದ್ದು. ಉತ್ತರ ಇರಲಿಲ್ಲ. ಅವಳು ಬಿಡಲಿಲ್ಲ. "ನಿಮ್ಮೂರಲ್ಲಿ ಬಾರಿಸ್ತಿದ್ದರಲ್ಲ, ಅವರ ಹೆಸರೇನು?"

ಪಿಟ್ಸು, ಹೋಬಿತ್, ಜಬೀಮ್, ಹಬಾನಿಯಾ... ಎಲ್ಲೂ ಇಲ್ಲದ ದೇವರುಗಳ ಹೆಸರು ಬಾಯಿಪಾಠ ಇತ್ತು ನನಗೆ. ಹದಿನೈದು ವರ್ಷ ಜಾತ್ರೆಯಲ್ಲಿ ನನ್ನ ಎದೆ ನಡುಗಿಸಿದವರ ಹೆಸರು ಗೊತ್ತಿರಲಿಲ್ಲ. ‘ತಮಟೆಯವರು’ ಅಂತಲೇ ಗೊತ್ತು. ಮತ್ತೆ ಅಪ್ಪನಿಗೆ ಫೋನ್ ಮಾಡಿದೆ. ಅಪ್ಪನಿಗೂ ಯೋಚಿಸಬೇಕಾಯ್ತು. ಕೊನೆಗೆ ನನ್ನ ಆ ಕ್ಲಾಸ್‌ಮೇಟಿನ ನಂಬರು ಯಾರ ಹತ್ರವೋ ಸಿಕ್ಕಿ, ಅವನಿಗೇ ಮಾಡಿದೆ. ಇಪ್ಪತ್ತು ವರ್ಷದ ಮೇಲೆ ಫೋನ್ ಮಾಡಿ ನಿಮ್ಮ ತಂದೆಯ ಹೆಸರೇನು ಅಂತ ಕೇಳೋದು ಎಷ್ಟು ಕಷ್ಟ ಅಂತ ನಿಮಗೆ ಹೇಳಲಾರೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಯಾಕೆ, ಜಾತ್ರೆಗೆ ಜನ ಬೇಕಿತ್ತಾ?" ಅಂದ.

ಅಲ್ಲ ಅಂದೆ. ಮಗಳು ಕೇಳಿದಳು ಅಂದೆ. ಆಮೇಲೆ ಹೇಳಿದ.

ಹೆಸರು ಇಲ್ಲಿ ಬರೆಯಲ್ಲ. ಅವರನ್ನ ಕೇಳದೆ ಬರೆಯೋದು ಸರಿಯಲ್ಲ. ಮಗಳಿಗೆ ಹೇಳಿದ್ದೇನೆ. ಅವಳ ಕಥೆಯಲ್ಲಿ ಈಗ ಸ್ಕಾರ್ಲ್ ಇಲ್ಲ, ಅವರೇ ಇದ್ದಾರೆ. ಬಾರಿಸಿ ಸುಸ್ತಾದಾಗ ಬೆಕ್ಕು ಸವರೋ ದೇವರು ಬಂದು ಸ್ವಲ್ಪ ಹೊತ್ತು ತಮಟೆ ಇಸ್ಕೊಳ್ತಾನಂತೆ.